ಕಪಿಲ್ 175 ಟೀವಿಯಲ್ಲಿ ಯಾಕೆ ಬರಲ್ಲ?

ಜೂನ್ ತಿಂಗಳು ಬಂತು ಅಂದ್ರೆ ನ್ಯೂಸ್ ಚಾನೆಲ್‌ಗಳಲ್ಲಿ 1983ರ ವಿಶ್ವಕಪ್ ನೆನಪು ಶುರು. ಲಾರ್ಡ್ಸ್ ಫೈನಲ್, ರಿಚರ್ಡ್ಸ್ ಕ್ಯಾಚು, ಬಾಲ್ಕನಿಯಲ್ಲಿ ಟ್ರೋಫಿ, ಎಲ್ಲ ನೋಡಿರ್ತೀರಿ. ಆದರೆ ಜೂನ್ 18ರಂದು ಜಿಂಬಾಬ್ವೆ ವಿರುದ್ಧ ಕಪಿಲ್ ದೇವ್ ಹೊಡೆದ ಅಜೇಯ 175? ಅದನ್ನು ಯಾವ ಚಾನೆಲ್ಲೂ ತೋರಿಸಲ್ಲ. ಮುಚ್ಚಿಟ್ಟಿದ್ದಾರೆ ಅಂತಲ್ಲ. ಟನ್‌ಬ್ರಿಜ್ ವೆಲ್ಸ್‌ನಲ್ಲಿ ನಡೆದ ಆ ಪಂದ್ಯದ ಟೀವಿ ದೃಶ್ಯವೇ ಇಲ್ಲ.

ಹಳೇ ದೃಶ್ಯ ಹುಡುಕಿಕೊಡೋದು ಸಿನಿಮಾ, ಟೀವಿಯಲ್ಲಿ ಒಂದು ಪ್ರತ್ಯೇಕ ಕಸುಬು. ಸಾಕ್ಷ್ಯಚಿತ್ರ ಮಾಡುವವರು ಇದಕ್ಕೆಂದೇ ಜನರನ್ನು ಇಟ್ಟುಕೊಳ್ಳುತ್ತಾರೆ. ಟೇಪು ಯಾವ ಕಪಾಟಿನಲ್ಲಿದೆ ಅನ್ನೋದು ಅರ್ಧ ಕೆಲಸ ಮಾತ್ರ. ಡಬ್ಬಿ ಮೇಲಿನ ಚೀಟಿಯಲ್ಲಿ ಹೆಸರು ತಪ್ಪಿದ್ದರೆ ಕಂಪ್ಯೂಟರ್‌ಗೂ ಅದು ಸಿಗಲ್ಲ. ಸಿಕ್ಕ ಮೇಲೆ ಹಕ್ಕು ಯಾರದು ಅಂತ ನೋಡಬೇಕು. ನಮ್ಮ ಕಾನೂನಿನಲ್ಲಿ ಸಿನಿಮಾ ದೃಶ್ಯದ ಕೃತಿಸ್ವಾಮ್ಯ ಬಿಡುಗಡೆಯ ಮರುವರ್ಷದಿಂದ 60 ವರ್ಷ. ಯೂಟ್ಯೂಬ್‌ನಲ್ಲಿ ಇದೆ ಅಂದಮಾತ್ರಕ್ಕೆ ನಮ್ಮದಾಗಲ್ಲ! ಇಷ್ಟಾದ ಮೇಲೂ ಒಂದು ಪ್ರಶ್ನೆ ಉಳಿಯುತ್ತೆ: ಚೀಟಿಯಲ್ಲಿ ಬರೆದಿರೋದು, ಪರದೆ ಮೇಲೆ ಕಾಣ್ತಿರೋದು ಎರಡೂ ಒಂದೇನಾ?

ಬಹಳ ಕಡೆ ಎಡವೋದು ಇಲ್ಲೇ. ಬಿಳಿ ಬಟ್ಟೆ, ಕೆಂಪು ಚೆಂಡು, ಮಸುಕು ಚಿತ್ರ. ಬೇರೆ ಪಂದ್ಯದ ಕಪಿಲ್ ಸಿಕ್ಸರ್ ಹಾಕಿದರೆ ಯಾರಿಗೆ ಗೊತ್ತಾಗುತ್ತೆ? ಎಡಿಟಿಂಗ್ ಟೇಬಲ್ಲಿನಲ್ಲಿ ಇದು ದೊಡ್ಡ ಆಸೆ. ಕ್ರಿಕೆಟ್ಟಿನಲ್ಲಿ ಹಾಗೆ ಮಾಡಿದ ಕೈ ನಾಳೆ ಪ್ರವಾಹದ ಸುದ್ದಿಗೆ ಹೋದ ವರ್ಷದ ನೀರನ್ನು ತೋರಿಸುತ್ತೆ. ಮೂಲೆಯಲ್ಲಿ 'ಫೈಲ್ ದೃಶ್ಯ' ಅಂತ ಹಾಕದಿದ್ದರೆ ನದಿ ದಂಡೆಯಲ್ಲಿರೋ ಮನೆಯವರ ಗತಿ ಏನು? '83' ಸಿನಿಮಾದವರದ್ದು ನೇರವಾದ ದಾರಿ. ದೃಶ್ಯ ಇಲ್ಲ ಅಂತ ಗೊತ್ತಿದ್ದು, ಅದೇ ಮೈದಾನಕ್ಕೆ ಹೋಗಿ ನಟರನ್ನು ಆಡಿಸಿದರು.

ಚಿತ್ರೀಕರಿಸಿದ್ದೂ ಉಳಿಯುತ್ತೆ ಅಂತಿಲ್ಲ. ಚಂದ್ರನ ಮೇಲೆ ಮನುಷ್ಯ ಇಳಿದ ದೃಶ್ಯದ ಮೂಲ ಟೇಪುಗಳನ್ನು ನಾಸಾ ಅಳಿಸಿ ಮತ್ತೆ ಬಳಸಿಬಿಟ್ಟಿರಬೇಕು ಅನ್ನೋದು ಅವರದೇ ತನಿಖೆಯ ತೀರ್ಮಾನ. ಆಗ ಟೇಪಿಗೆ ಅಷ್ಟು ಅಭಾವ. 2009ರಲ್ಲಿ ಬಿಡುಗಡೆ ಮಾಡಿದ ಸ್ವಚ್ಛ ಪ್ರತಿಯನ್ನು ಉಳಿದಿದ್ದ ಪ್ರಸಾರದ ಪ್ರತಿಗಳಿಂದ ಮಾಡಬೇಕಾಯ್ತು. ನಾಸಾದ ಕಥೆಯೇ ಹೀಗಾದರೆ, ದಿನಾ ಟೇಪು ಒರೆಸಿ ಒರೆಸಿ ಬಳಸಿದ ನಮ್ಮ ಟೀವಿಗಳ ಕಥೆ ಕೇಳೋದೇ ಬೇಡ.

17 ರನ್ನಿಗೆ 5 ವಿಕೆಟ್ ಬಿದ್ದ ಆ ದಿನದ್ದು ಈಗ ಕೆಲವು ಫೋಟೋ, ಸ್ಕೋರ್‌ಕಾರ್ಡು ಉಳಿದಿವೆ. ಕಪಿಲ್ ಜೊತೆ ಮೊದಲು 60 ರನ್ ಸೇರಿಸಿದ್ದು ರೋಜರ್ ಬಿನ್ನಿ. ಕೊನೆಗೆ ಮುರಿಯದ 126 ರನ್ನಿನ ಜೊತೆಯಾಟಕ್ಕೆ ನಿಂತದ್ದು ಸೈಯದ್ ಕಿರ್ಮಾನಿ. ಇಬ್ಬರೂ ನಮ್ಮ ಕರ್ನಾಟಕದ ಆಟಗಾರರು. ಆ ಇನಿಂಗ್ಸನ್ನು 22 ಗಜ ದೂರದಿಂದ ನೋಡಿದವರು. ನಾನಾದರೆ ಬೇರೆ ಪಂದ್ಯದ ಸಿಕ್ಸರ್ ಹುಡುಕೋ ಬದಲು ಕ್ಯಾಮೆರಾ ತಗೊಂಡು ಅವರ ಬಳಿ ಹೋಗ್ತೀನಿ.