ಸಾವಳಗಿಯ ಗೀತಾ, ಆಸ್ಟ್ರಿಯಾದ ಯೆಲಿನೆಕ್ ಮತ್ತು ಒಂದೇ 2004!

ಒಂದೇ ವರ್ಷ! 2004ರಲ್ಲಿ ಸಾಹಿತ್ಯದ ನೊಬೆಲ್ ಬಂದದ್ದು ಆಸ್ಟ್ರಿಯಾದ ಲೇಖಕಿ ಎಲ್ಫ್ರೀಡ್ ಯೆಲಿನೆಕ್ ಅವರಿಗೆ. ಅದೇ 2004ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ‘ಬದುಕು’ ಕಾದಂಬರಿಗೆ, ನಮ್ಮ ಕಲಬುರಗಿಯ ಗೀತಾ ನಾಗಭೂಷಣ ಅವರಿಗೆ! ಇಬ್ಬರೂ ಹೆಣ್ಣಿನ ಮೈಮನಸ್ಸಿನ ಮೇಲಿನ ದಬ್ಬಾಳಿಕೆಯನ್ನು ಮುಖ ತಿರುಗಿಸದೆ ಬರೆದವರು. ಇಬ್ಬರ ಕಾದಂಬರಿಗಳೂ ಸಿನಿಮಾ ಆಗಿವೆ. ನಮ್ಮೂರು ಕರಜಗಿಯಲ್ಲಿ ಕೂತು ಈ ಎರಡು ಹೆಸರುಗಳನ್ನು ಒಂದರ ಪಕ್ಕ ಒಂದು ಬರೆದುಕೊಂಡಾಗ ಮೈ ಝುಂ ಎಂದಿತು.

ಯೆಲಿನೆಕ್ ಕತೆ ಜಗತ್ತಿಗೆ ಗೊತ್ತು. ತಾಯಿಯ ಹಿಡಿತದಲ್ಲಿ ಉಸಿರುಗಟ್ಟಿದ ವಿಯೆನ್ನಾದ ಸಂಗೀತ ಶಿಕ್ಷಕಿಯ ಬಗ್ಗೆ 1983ರಲ್ಲಿ ‘ದಿ ಪಿಯಾನೋ ಟೀಚರ್’ ಬರೆದರು. 2001ರಲ್ಲಿ ಮೈಕೆಲ್ ಹನೆಕೆ ಅದನ್ನು ತೆರೆಗೆ ತಂದರು. ಕಾನ್ ಚಿತ್ರೋತ್ಸವದಲ್ಲಿ ಗ್ರ್ಯಾಂಡ್ ಪ್ರಿ, ಇಸಾಬೆಲ್ ಉಪೇರ್‌ಗೆ ಶ್ರೇಷ್ಠ ನಟಿ ಪ್ರಶಸ್ತಿ. ಇರಲಿ, ನನ್ನನ್ನು ನಿದ್ದೆಗೆಡಿಸಿದ್ದು ಇತ್ತಲಿನ ಕತೆ.

1942ರಲ್ಲಿ ಸಾವಳಗಿಯಲ್ಲಿ ಹುಟ್ಟಿದ ಹುಡುಗಿ. ಅಪ್ಪ ಕಲಬುರಗಿಯ ಎಂಎಸ್‌ಕೆ ಮಿಲ್ಲಿನಲ್ಲಿ ಕೂಲಿ. ಮಿಲ್ಲಿನ ಕೂಲಿಯ ಮಗಳು ಸಾಲಿ ಮೆಟ್ಟಿಲು ಹತ್ತುವುದೇ ದೊಡ್ಡ ಮಾತಾಗಿದ್ದ ಕಾಲವದು. ಆಕೆ ಹತ್ತಿದಳು! ಜಿಲ್ಲಾಧಿಕಾರಿ ಕಚೇರಿಯಲ್ಲಿ ಗುಮಾಸ್ತೆಯಾಗಿ ದುಡಿಯುತ್ತಲೇ ಓದಿದಳು, ಮುಂದೆ ಕಾಲೇಜಿನಲ್ಲಿ ಪಾಠ ಮಾಡಿದಳು, ಬರೆದಳು. ಇಪ್ಪತ್ತಕ್ಕೂ ಹೆಚ್ಚು ಕಾದಂಬರಿ! ಆ ಪುಟಗಳಲ್ಲಿ ಮಾತಾಡುವವರು ನಮ್ಮ ಓಣಿಯವರೇ: ‘ಹೋಗಿದ್ದಾನೆ’ ಎನ್ನುವುದಿಲ್ಲ, ‘ಹೋಗ್ಯಾನ’ ಎನ್ನುತ್ತಾರೆ. ‘ಯವ್ವಾ’ ಎಂದು ಕರೆಯುತ್ತಾರೆ, ಬೈಯುವಾಗ ಬಾಯಿ ತುಂಬ ಬೈಯುತ್ತಾರೆ. ಪುಸ್ತಕವೆಂದರೆ ದಕ್ಷಿಣದ ಕನ್ನಡದಲ್ಲೇ ಇರಬೇಕು ಎಂದು ನಂಬಿ ಬೆಳೆದ ನಮ್ಮಂಥವರಿಗೆ ಅದು ಎಂಥ ಬಿಡುಗಡೆ!

ಅವರ ‘ಹಸಿಮಾಂಸ ಮತ್ತು ಹದ್ದುಗಳು’ ಕಾದಂಬರಿಯೇ ‘ಹೆಣ್ಣಿನ ಕೂಗು’ ಚಿತ್ರವಾಯಿತು. ಗಾಂಧಿನಗರದಿಂದ ಇಷ್ಟು ದೂರದ ಬಿಸಿಲ ನಾಡಿನ, ಬಡ ಹೆಣ್ಣುಮಕ್ಕಳ ಗೋಳು ಬೆಳ್ಳಿತೆರೆಗೆ ಬಂತು ನೋಡಿ! ಈ ಸೀಮೆಯಲ್ಲೇ ಎಷ್ಟು ಮಂದಿಗೆ ಇದು ಗೊತ್ತು? ಸಿಕ್ಕವರನ್ನೆಲ್ಲ ನಿಲ್ಲಿಸಿ ಹೇಳಬೇಕು ಅನಿಸುತ್ತದೆ ನನಗೆ.

ಇನ್ನೊಂದು ಕೇಳಿ. ಕನ್ನಡಕ್ಕೆ ಮೊದಲ ಕೇಂದ್ರ ಅಕಾಡೆಮಿ ಪ್ರಶಸ್ತಿ ತಂದದ್ದು 1955ರಲ್ಲಿ ಕುವೆಂಪು. ಅಲ್ಲಿಂದ 49 ವರ್ಷ ಕನ್ನಡದ ಒಬ್ಬ ಲೇಖಕಿಗೂ ಅದು ಸಿಗಲಿಲ್ಲ. ತ್ರಿವೇಣಿಗಿಲ್ಲ, ಎಂ.ಕೆ. ಇಂದಿರಾ ಅವರಿಗಿಲ್ಲ. ಆ ಬಾಗಿಲು ಮೊದಲು ತೆರೆದದ್ದು ಮಿಲ್ ಕೂಲಿಯ ಮಗಳಿಗೆ! ರಾಜ್ಯ ಸಾಹಿತ್ಯ ಅಕಾಡೆಮಿಗೂ ಅವರೇ ಮೊದಲ ಮಹಿಳಾ ಅಧ್ಯಕ್ಷೆ. 2010ರಲ್ಲಿ ಗದಗಿನ 76ನೇ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆಯೂ ಅವರದೇ. ಯೆಲಿನೆಕ್ ನೊಬೆಲ್ ಸ್ವೀಕರಿಸಲು ಸ್ಟಾಕ್‌ಹೋಮಿಗೆ ಹೋಗದೆ ಭಾಷಣವನ್ನು ವಿಡಿಯೋದಲ್ಲಿ ಕಳಿಸಿದರು. ನಮ್ಮ ಗೀತಕ್ಕ ಸಾವಿರಾರು ಜನರೆದುರು ನಿಂತು ಮಾತಾಡಿದರು.

2020ರ ಜೂನ್ 28ರಂದು ಕಲಬುರಗಿಯಲ್ಲೇ ಅವರು ತೀರಿಕೊಂಡರು. ಈಗ ನನಗೊಂದೇ ಹಂಬಲ: ಕಲಬುರಗಿಯಲ್ಲಿ ಯಾರಾದರೂ ‘ಹೆಣ್ಣಿನ ಕೂಗು’ ಮತ್ತು ‘ದಿ ಪಿಯಾನೋ ಟೀಚರ್’ ಎರಡನ್ನೂ ಒಂದೇ ದಿನ, ಒಂದರ ಹಿಂದೊಂದು ತೋರಿಸಲಿ. ಅಫಜಲಪುರದ ಮೇಲೆ ಹಾಯ್ದು ಬರಲು ಕರಜಗಿಯಿಂದ ನಾವು ಒಂದು ಜೀಪು ತುಂಬ ಮಂದಿ ತಯಾರಿದ್ದೇವೆ!