ಒಪ್ಪಿಸಿದ ಕುರ್ಚಿಯನ್ನು ಮರಳಿಸಿದ ವಕೀಲರು: ಶ್ರೀ ಎಸ್.ಆರ್. ಕಂಠಿ

ರಾಜಕಾರಣದಲ್ಲಿ ಪದವಿಯನ್ನು ಗಳಿಸಿದವರ ಚರಿತ್ರೆ ಹೇರಳವಾಗಿ ದೊರೆಯುತ್ತದೆ. ಕೈಗೆ ಬಂದ ಪದವಿಯನ್ನು ಮಾತಿನಂತೆ ಹಿಂದಿರುಗಿಸಿದವರು ತೀರ ವಿರಳ. ಆ ವಿರಳರಲ್ಲಿ ಒಬ್ಬರು ದಿವಂಗತ ಶ್ರೀ ಶಿವಲಿಂಗಪ್ಪ ರುದ್ರಪ್ಪ ಕಂಠಿಯವರು. 1962ರ ಮಾರ್ಚ್ 14ರಿಂದ ಜೂನ್ 20ರವರೆಗೆ, ಮೂರು ತಿಂಗಳಿಗಿಂತ ತುಸು ಹೆಚ್ಚು ಕಾಲ, ಅವರು ಅಂದಿನ ಮೈಸೂರು ರಾಜ್ಯದ ಮುಖ್ಯಮಂತ್ರಿಗಳಾಗಿದ್ದರು. ಹಿರಿಯರು ಇಂದಿಗೂ ಅವರನ್ನು ಕರ್ನಾಟಕ ರಾಜಕೀಯದ ಭರತನೆಂದು ಸ್ಮರಿಸುವರು. ಆದರೆ ಈ ಬಿರುದಿನ ಹಿಂದಿನ ವೃತ್ತಾಂತವನ್ನು ಬಲ್ಲ ತರುಣರು ನಮ್ಮ ಮನೆಗಳಲ್ಲಿ ಕಡಿಮೆಯಾಗುತ್ತಿರುವುದರಿಂದ ಇದನ್ನು ಬರೆಯುತ್ತಿದ್ದೇವೆ.

ಕಂಠಿಯವರು ಜನಿಸಿದ್ದು 1908ರ ಡಿಸೆಂಬರ್ 21ರಂದು, ಇಂದಿನ ಬಾಗಲಕೋಟೆ ಜಿಲ್ಲೆಯ ಕೆರೂರಿನಲ್ಲಿ. ಆಗ ಅದು ಮುಂಬಯಿ ಪ್ರಾಂತದ ವಿಜಾಪುರ ಜಿಲ್ಲೆಗೆ ಸೇರಿದ್ದ ಊರು. ಉಚ್ಚ ಶಿಕ್ಷಣಕ್ಕಾಗಿ ಅವರು ಕೊಲ್ಲಾಪುರಕ್ಕೆ ತೆರಳಿದರು. ಅಲ್ಲಿಯ ರಾಜಾರಾಮ ಕಾಲೇಜು ಆ ಕಾಲದಲ್ಲಿ ನಮ್ಮ ಗಡಿನಾಡಿನ ಎಷ್ಟೋ ವಿದ್ಯಾರ್ಥಿಗಳಿಗೆ ಆಶ್ರಯವಾಗಿತ್ತು. ಕಾನೂನು ಪದವಿಯನ್ನೂ ಅಲ್ಲಿಯೇ ಪಡೆದು, ಬಾಗಲಕೋಟೆಯಲ್ಲಿ ವಕೀಲಿ ಆರಂಭಿಸಿದರು. 1942ರ ಚಳವಳಿಯಲ್ಲಿ ಸೆರೆವಾಸವನ್ನೂ ಅನುಭವಿಸಿದರು.

ಸಣ್ಣ ಊರಿನ ವಕೀಲಿ ಎಂದರೇನೆಂಬುದನ್ನು ಇಂದಿನ ಓದುಗರಿಗೆ ತುಸು ವಿವರಿಸಬೇಕು. ಅಲ್ಲಿ ಕಕ್ಷಿದಾರನೂ ಪ್ರತಿಕಕ್ಷಿಯೂ ಒಂದೇ ಸಂತೆಗೆ ಬರುವವರು, ಒಂದೇ ಜಾತ್ರೆಯಲ್ಲಿ ತೇರೆಳೆಯುವವರು. ಹೊಲದ ಬದು, ಅಡವಿನ ಪತ್ರ, ಅಣ್ಣತಮ್ಮಂದಿರ ವಾಟ್ನಿ ಇವೇ ವ್ಯಾಜ್ಯಗಳು. ಕೋರ್ಟಿನಲ್ಲಿ ಗೆದ್ದ ವಕೀಲನು ಸಂಜೆ ಸೋತವನ ಮುಖವನ್ನೂ ನೋಡಲೇಬೇಕು. ಮನೆತನದ ಕಾಗದಪತ್ರಗಳನ್ನು ವಕೀಲರ ಕಪಾಟಿನಲ್ಲಿಟ್ಟು ಜನ ನಿಶ್ಚಿಂತರಾಗಿರುತ್ತಿದ್ದ ಕಾಲವದು. ಪರರ ಸ್ವತ್ತನ್ನು ತನ್ನದೆಂದು ಭಾವಿಸದೆ ಕಾಯ್ದಿಡುವ ಅಭ್ಯಾಸ ಆ ವೃತ್ತಿಯಲ್ಲಿಯೇ ಅಡಗಿತ್ತೆಂದು ನಮಗೆ ತೋರುತ್ತದೆ.

ಮೊದಲನೆಯ ಸಾರ್ವತ್ರಿಕ ಚುನಾವಣೆಯ ಬಳಿಕ, 1952ರಲ್ಲಿ, ಕಂಠಿಯವರು ಮುಂಬಯಿ ವಿಧಾನಸಭೆಯ ಉಪಸಭಾಧ್ಯಕ್ಷರಾದರು. ಮರಾಠಿ, ಗುಜರಾತಿ, ಕನ್ನಡ ಪ್ರದೇಶಗಳ ಸದಸ್ಯರು ಕಲೆತಿದ್ದ ಆ ದೊಡ್ಡ ಸಭೆಯಲ್ಲಿ ಹುನಗುಂದದ ಕಡೆಯ ಒಬ್ಬ ವಕೀಲರು ಪೀಠವನ್ನು ನಿರ್ವಹಿಸಿದ್ದು ಸಾಮಾನ್ಯ ಸಂಗತಿಯಲ್ಲ. 1956ರ ನವೆಂಬರ್ 1ರಂದು ಕನ್ನಡ ನಾಡು ಒಂದಾಯಿತು. ಹಳೆಯ ಮೈಸೂರು, ಮುಂಬಯಿ, ಹೈದರಾಬಾದ್, ಮದರಾಸು, ಕೊಡಗು ಹೀಗೆ ಐದು ಆಡಳಿತಗಳಿಂದ ಬಂದ ಪ್ರದೇಶಗಳ ಪ್ರತಿನಿಧಿಗಳು ಒಂದೇ ಸದನದಲ್ಲಿ ಕುಳಿತರು. ಒಬ್ಬೊಬ್ಬರಿಗೆ ಒಂದೊಂದು ಬಗೆಯ ಕಲಾಪ ರೂಢಿಯಾಗಿತ್ತು. ಆ ಸದನಕ್ಕೆ ಡಿಸೆಂಬರ್‌ನಲ್ಲಿ ಸಭಾಧ್ಯಕ್ಷರಾದ ಕಂಠಿಯವರು 1962ರ ಮಾರ್ಚ್‌ವರೆಗೆ ಆ ಪೀಠದಲ್ಲಿದ್ದರು. ಸಭಾಧ್ಯಕ್ಷನಾದವನಿಗೆ ಮತಗಳು ಸಮನಾದಾಗಲ್ಲದೆ ಮತವಿಲ್ಲ, ವಾದವಂತೂ ಇಲ್ಲವೇ ಇಲ್ಲ. ವಾದವೇ ಜೀವನವಾಗಿದ್ದ ವಕೀಲರಿಗೆ ಅದೂ ಒಂದು ವ್ರತವೇ ಸರಿ!

ಇನ್ನು 1962ರ ಪ್ರಸಂಗ. ಆ ವರ್ಷದ ಚುನಾವಣೆಯಲ್ಲಿ ಕಾಂಗ್ರೆಸ್ ಪಕ್ಷ 208 ಸ್ಥಾನಗಳ ಪೈಕಿ 138ನ್ನು ಗೆದ್ದಿತು. ಆದರೆ ನಾಯಕರೆಂದು ಹಲವರು ಭಾವಿಸಿದ್ದ ಶ್ರೀ ಎಸ್. ನಿಜಲಿಂಗಪ್ಪನವರೇ ಹೊಸದುರ್ಗದಲ್ಲಿ ಪರಾಭವಗೊಂಡರು. ಸಂವಿಧಾನದ 164ನೆಯ ವಿಧಿಯ ಪ್ರಕಾರ ಶಾಸಕನಲ್ಲದವನೂ ಆರು ತಿಂಗಳ ಕಾಲ ಮಂತ್ರಿಯಾಗಿರಬಹುದು. ಮುಂಬಯಿಯಲ್ಲಿ 1952ರಲ್ಲಿ ಮೊರಾರ್ಜಿ ದೇಸಾಯಿಯವರು ಚುನಾವಣೆಯಲ್ಲಿ ಸೋತರೂ ಮುಖ್ಯಮಂತ್ರಿಗಳಾಗಿ, ಅನಂತರ ಉಪಚುನಾವಣೆಯಲ್ಲಿ ಗೆದ್ದುಬಂದಿದ್ದರು. ಆ ಸಭೆಯಲ್ಲಿದ್ದ ಕಂಠಿಯವರು ಇದೆಲ್ಲವನ್ನೂ ಹತ್ತಿರದಿಂದ ಕಂಡವರು. ಮೈಸೂರಿನಲ್ಲಿ ಆ ದಾರಿ ಹಿಡಿಯಲಿಲ್ಲ. ನಿಜಲಿಂಗಪ್ಪನವರು ಮತ್ತೆ ಜನರ ಮುಂದೆ ಹೋಗಿ ಗೆದ್ದುಬರುವವರೆಗೆ ಕಂಠಿಯವರು ಆಡಳಿತವನ್ನು ನಡೆಸುವುದೆಂದು ನಿಶ್ಚಯವಾಯಿತು. ಬಾಗಲಕೋಟೆಯಿಂದ ಆಗತಾನೆ ಆಯ್ಕೆಯಾಗಿದ್ದ ಶ್ರೀ ಬಿ.ಟಿ. ಮುರನಾಳರು ತಮ್ಮ ಸ್ಥಾನವನ್ನು ತೆರವು ಮಾಡಿಕೊಟ್ಟರು. ಭರತನ ಹೆಸರು ಉಳಿಯಿತು, ಮುರನಾಳರ ಹೆಸರನ್ನು ನಾವು ಬಹುಮಟ್ಟಿಗೆ ಮರೆತೆವು. ಐದು ವರ್ಷದ ಶಾಸಕತ್ವವನ್ನು ಬಿಟ್ಟುಕೊಟ್ಟ ತ್ಯಾಗವೇನು ಸಣ್ಣದೆ?

ನಿಜಲಿಂಗಪ್ಪನವರು ಬಾಗಲಕೋಟೆಯಿಂದ ಗೆದ್ದು ಬಂದರು. ಕಂಠಿಯವರು ರಾಜೀನಾಮೆ ಸಲ್ಲಿಸಿದರು. ಜೂನ್ 21ರಂದು ಹೊಸ ಮುಖ್ಯಮಂತ್ರಿಗಳ ಅಧಿಕಾರ ಆರಂಭವಾಯಿತು. ಆಡಿದ ಮಾತಿನಂತೆ ನಡೆದ ಆ ದಿನ ಇಷ್ಟು ಸರಳವಾಗಿ ಮುಗಿಯಿತು. ಶಾಸಕರ ಬಹುಮತ ಬೆನ್ನಿಗಿತ್ತು, ಅಧಿಕಾರದ ರುಚಿಯೂ ಹತ್ತಿತ್ತು. "ಇನ್ನು ಕೆಲವು ದಿನ" ಎಂದು ಹೇಳಲು ಕಾರಣಗಳು ಯಾರಿಗೆ ತಾನೆ ಸಿಗುವುದಿಲ್ಲ?

ಈ ಏರ್ಪಾಡನ್ನು ಆಕ್ಷೇಪಿಸುವವರೂ ಉಂಟು. ಮತದಾರರು ತಿರಸ್ಕರಿಸಿದವರಿಗಾಗಿ ಒಬ್ಬ ಮುಖ್ಯಮಂತ್ರಿ ಕುರ್ಚಿ ಕಾಯುವುದು ಪಕ್ಷದ ಅನುಕೂಲವೇ ಹೊರತು ಪ್ರಜಾತಂತ್ರವಲ್ಲವೆಂಬುದು ಅವರ ವಾದ. ಅದರಲ್ಲಿ ಹುರುಳಿಲ್ಲವೆನ್ನಲಾರೆವು. ಭರತನ ಹೋಲಿಕೆಯೂ ಪೂರ್ತಿ ಒಪ್ಪುವುದಿಲ್ಲ. ಭರತನು ಸಿಂಹಾಸನದ ಮೇಲೆ ಪಾದುಕೆಗಳನ್ನಿಟ್ಟು ತಾನು ನಂದಿಗ್ರಾಮದಲ್ಲಿದ್ದನು. ಕಂಠಿಯವರಾದರೋ ಪ್ರಮಾಣವಚನ ಸ್ವೀಕರಿಸಿ, ಪೂರ್ಣ ಹೊಣೆ ಹೊತ್ತ ಮುಖ್ಯಮಂತ್ರಿಗಳು. ಅವರ ಸಹಿಯೇ ಸರ್ಕಾರದ ಸಹಿಯಾಗಿತ್ತು. ಏರ್ಪಾಡಿನ ಯೋಗ್ಯತೆಯನ್ನು ಕುರಿತು ಚರ್ಚೆ ನಡೆಯಲಿ, ಮಾತಿಗೆ ತಪ್ಪದ ವ್ಯಕ್ತಿಯ ಯೋಗ್ಯತೆಯನ್ನು ಬೇರೆಯಾಗಿಯೇ ತೂಗಬೇಕೆಂಬುದು ನಮ್ಮ ಅಭಿಪ್ರಾಯ.

ಪ್ರಾಸಂಗಿಕವಾಗಿ ಒಂದು ಮಾತು. ಅದೇ 1962ರಲ್ಲಿ ಆ ಕುರ್ಚಿಯಲ್ಲಿ ಒಬ್ಬರಾದ ಮೇಲೊಬ್ಬರು ಕುಳಿತ ಮೂವರೂ ಸಣ್ಣ ಊರುಗಳ ವಕೀಲರೇ: ಜಮಖಂಡಿಯ ಬಿ.ಡಿ. ಜತ್ತಿಯವರು, ಬಾಗಲಕೋಟೆಯ ಕಂಠಿಯವರು, ಚಿತ್ರದುರ್ಗದ ನಿಜಲಿಂಗಪ್ಪನವರು. ಇವರಲ್ಲಿ ಜತ್ತಿಯವರು ಮುಂದೆ ದೇಶದ ಉಪರಾಷ್ಟ್ರಪತಿಗಳಾದರು, ನಿಜಲಿಂಗಪ್ಪನವರು ಕಾಂಗ್ರೆಸ್ಸಿನ ರಾಷ್ಟ್ರಾಧ್ಯಕ್ಷರಾದರು.

ಕಂಠಿಯವರು ಮಾತ್ರ ನಾಡಿನಲ್ಲಿಯೇ ಉಳಿದರು. ಮುಖ್ಯಮಂತ್ರಿಯಾಗಿದ್ದವರು ಮತ್ತೊಬ್ಬರ ಕೈಕೆಳಗೆ ಮಂತ್ರಿಯಾಗಲು ಹಿಂಜರಿಯುವುದು ಲೋಕರೂಢಿ. ಅವರು ಹಿಂಜರಿಯದೆ ನಿಜಲಿಂಗಪ್ಪನವರ ಸಂಪುಟದಲ್ಲಿ ಶಿಕ್ಷಣ ಖಾತೆಯನ್ನು ವಹಿಸಿಕೊಂಡರು. ವಿಜಾಪುರದ ಸೈನಿಕ ಶಾಲೆ 1963ರಲ್ಲಿ ಆರಂಭವಾದುದು ಅವರ ಕಾಲದಲ್ಲಿಯೇ. ಬರಗಾಲಕ್ಕೆ ಹೆಸರಾದ ಆ ಜಿಲ್ಲೆಗೆ ಅಂತಹ ಶಾಲೆ ದೊರೆತದ್ದರ ಬೆಲೆಯನ್ನು ಅಲ್ಲಿಂದ ಸೇನೆಗೆ ಸೇರಿದ ರೈತಮಕ್ಕಳು ಬಲ್ಲರು. ಕಂಠಿಯವರು 1969ರ ಡಿಸೆಂಬರ್ 25ರಂದು ನಿಧನರಾದರು. ಅವರಿಗೆ ಅರುವತ್ತೊಂದು ತುಂಬಿ ಆಗ ನಾಲ್ಕು ದಿನಗಳಾಗಿದ್ದವು.