ಥಿಯೇಟರ್ ಮುಚ್ಚಿತು, ವೇಳಾಪಟ್ಟಿ ತಪ್ಪಲಿಲ್ಲ

ಅಮೆರಿಕದ ಮಿಷಿಗನ್ ರಾಜ್ಯದಲ್ಲಿ ಯಾರೂ ಮನೆ ಬಿಟ್ಟು ಹೊರಬರಬಾರದೆಂಬ ಆದೇಶ ಜಾರಿಗೆ ಬಂದದ್ದು 2020ರ ಮಾರ್ಚ್ 24ರಂದು. ನಮ್ಮಲ್ಲಿ ಲಾಕ್‌ಡೌನ್ ಘೋಷಣೆಯಾದದ್ದೂ ಅಂದೇ ರಾತ್ರಿ. ಆ ರಾಜ್ಯದ ಆನ್ ಆರ್ಬರ್ ಊರಿನ 58ನೇ ಚಿತ್ರೋತ್ಸವ ಶುರುವಾಗಬೇಕಿದ್ದುದು ಅದೇ ದಿನ, ಶುರುವಾಯಿತು ಕೂಡ. ಕಲಾವಿದ ಜಾರ್ಜ್ ಮನುಪೆಲ್ಲಿ 1963ರಲ್ಲಿ ಹುಟ್ಟುಹಾಕಿದ, ದಶಕಗಳ ಕಾಲ 16 ಎಂ.ಎಂ. ರೀಲಿಗೇ ಪಟ್ಟು ಹಿಡಿದಿದ್ದ ಪ್ರಯೋಗಶೀಲ ಚಿತ್ರಗಳ ಉತ್ಸವವಿದು. 1928ರ ಮಿಷಿಗನ್ ಥಿಯೇಟರ್ ಮುಚ್ಚಿದ್ದರಿಂದ ಚಿತ್ರಗಳು ಆನ್‌ಲೈನಿನಲ್ಲಿ ಉಚಿತವಾಗಿ ನೇರ ಪ್ರಸಾರವಾದವು. ಬೇಕಾದಾಗ ನೋಡಿಕೊಳ್ಳಿ ಎಂದು ಎಲ್ಲವನ್ನೂ ಜಾಲಕ್ಕೆ ಸುರಿದು ಕೈತೊಳೆದುಕೊಳ್ಳಬಹುದಿತ್ತು. ಸಂಘಟಕರು ಹೊತ್ತು ಗೊತ್ತುಮಾಡಿ ಆರು ದಿನ ನಡೆಸಿದರು, ನಿರ್ದೇಶಕರು ಇದ್ದಲ್ಲಿಂದಲೇ ಪ್ರಶ್ನೆಗಳಿಗೆ ಉತ್ತರಿಸಿದರು. ಈ ಹಟವೇ ಉತ್ಸವವನ್ನು ಉಳಿಸಿತು ಎಂಬುದು ನನ್ನ ವಾದ. ಕಥೆಯಿಲ್ಲದ, ನಟರಿಲ್ಲದ ಕಿರುಚಿತ್ರವೊಂದನ್ನು ಒಂಟಿಯಾಗಿ ಕೈಗಿತ್ತರೆ ಮೊದಲ ನಿಮಿಷಕ್ಕೇ ಬೆರಳು ಅದನ್ನು ಮುಂದಕ್ಕೆ ಓಡಿಸುತ್ತದೆ. ಬಲ್ಲವರು ಜೋಡಿಸಿದ ಸಾಲಿನಲ್ಲಾದರೆ ಹಿಂದಿನ ಚಿತ್ರ ಮುಂದಿನದಕ್ಕೆ ಕಣ್ಣನ್ನು ಹದಮಾಡಿರುತ್ತದೆ. ಅಲ್ಲಿನ ಸಂಜೆ ಏಳೆಂದರೆ ನಮಗೆ ಮರುದಿನ ಬೆಳಗಿನ ನಾಲ್ಕೂವರೆಯಲ್ಲವೇ ಎನ್ನಬಹುದು. ನಿಜ, ಆದರೆ ಬೆಳಗಾಗುವ ತನಕ ಯಕ್ಷಗಾನ ನೋಡುವ ನಾಡಿನವರು ಈ ತಕರಾರು ಎತ್ತಬಾರದು!

ಇದಕ್ಕಿಂತ ಗಟ್ಟಿಯಾದ ಆಕ್ಷೇಪ ಇನ್ನೊಂದಿದೆ, ಅದಕ್ಕೆ ಪೂರ್ತಿ ಉತ್ತರವಿಲ್ಲ. ಉತ್ಸವ ಹುಟ್ಟಿದ ವರ್ಷವೇ ಸ್ಟ್ಯಾನ್ ಬ್ರಾಕೇಜ್ ಕ್ಯಾಮೆರಾ ಮುಟ್ಟದೆ 'ಮಾತ್‌ಲೈಟ್' ಮಾಡಿದರು: ಪತಂಗದ ರೆಕ್ಕೆ, ಹೂವಿನ ಎಸಳು, ಹುಲ್ಲಿನ ಗರಿಗಳನ್ನು ಎರಡು ಪಾರದರ್ಶಕ ಟೇಪಿನ ನಡುವೆ ಒತ್ತಿ, ಆ ಪಟ್ಟಿಯಿಂದಲೇ ಪ್ರಿಂಟ್ ತೆಗೆದದ್ದು. ಅದರಲ್ಲಿ ಒಂದು ಫ್ರೇಮಿಗೂ ಮುಂದಿನದಕ್ಕೂ ಹೋಲಿಕೆಯೇ ಇಲ್ಲವೆನ್ನಬೇಕು. ಅಂತರ್ಜಾಲದ ವಿಡಿಯೊ ನಿಂತಿರುವುದು ಆ ಹೋಲಿಕೆಯ ಮೇಲೆಯೇ. ಹಿಂದಿನ ಫ್ರೇಮಿನದನ್ನು ಉಳಿಸಿಕೊಂಡು, ಬದಲಾದಷ್ಟನ್ನು ಮಾತ್ರ ಕಳಿಸಿ ಗಾತ್ರ ಇಳಿಸುತ್ತದೆ. ಎಲ್ಲವೂ ಕ್ಷಣಕ್ಷಣಕ್ಕೆ ಬದಲಾದರೆ ಅದರ ಲೆಕ್ಕ ತಪ್ಪಿ, ರೀಲಿನ ನವಿರಾದ ಕಣಗಳು ಕಲಸಿ ಚೌಕಚೌಕವಾಗುತ್ತವೆ. ಧಾರಾವಾಹಿಗೆ ಇದರಿಂದ ಅಷ್ಟು ತೊಂದರೆಯಿಲ್ಲ, ಪೆಟ್ಟು ತಿನ್ನುವುದು ಇಂಥ ಚಿತ್ರಗಳೇ. ಹಾಗೆಂದು ಮುಂದೂಡಬೇಕಿತ್ತೇ? ಬಾಗಿಲು ಯಾವಾಗ ತೆರೆಯುತ್ತದೆಂದು ಯಾರೂ ಹೇಳುವಂತಿರಲಿಲ್ಲ. ಕೈಯಿಂದ ಹಣ ಹಾಕಿ ಚಿತ್ರ ಮಾಡುವವರಿಗೆ ಒಂದು ವರ್ಷ ಕಳೆದುಹೋಗುವುದು ಮಸುಕು ಬಿಂಬಕ್ಕಿಂತ ದೊಡ್ಡ ನಷ್ಟ. ನಮ್ಮಲ್ಲಿ ಇಂಥ ಚಿತ್ರಗಳಿಗೆಂದೇ 2003ರಲ್ಲಿ ಆರಂಭವಾದ 'ಎಕ್ಸ್‌ಪೆರಿಮೆಂಟಾ' ನೆಲೆಯೂರಿದ್ದು ಬೆಂಗಳೂರಿನಲ್ಲಿ. ಬೀದರಿನಲ್ಲೋ ಕಾರವಾರದಲ್ಲೋ ಇರುವವರಿಗೆ ಅದೂ ದೂರವೇ. ಆ ಆರು ದಿನ ಮಾತ್ರ ಆನ್ ಆರ್ಬರ್ ಅವರಿಗೆ ಬೆಂಗಳೂರಿಗಿಂತ ಹತ್ತಿರವಿತ್ತು.